ಸ್ವೀಡನ್ ಮಾಮಾನ ಮಾರ್ಕುಗಳು

ಕುವೈತಿನ ಹವಲ್ಲಿಯ ನಮ್ಮ ಮನೆಗೆ ಐದು ಕಿಟಕಿಗಳಿದ್ದವು. ನಾಲ್ಕಕ್ಕೆ ರೊಟ್ಟಿ ಸುತ್ತುವ ಬೆಳ್ಳಿ ಬಣ್ಣದ ಫಾಯಿಲ್ ಅಂಟಿಸಿತ್ತು. ಆ ಬೀದಿಯ ಎಲ್ಲ ಮನೆಗಳದ್ದೂ ಅದೇ ಪಾಡು. ಕೆಳಗೆ ಮೊಬೈಲ್ ಅಂಗಡಿಗಳ ಮುಂದೆ ನಿಂತು ತಲೆಯೆತ್ತಿದರೆ ಇಡೀ ಕಟ್ಟಡವನ್ನೇ ಯಾರೋ ಬುತ್ತಿ ಕಟ್ಟಿಟ್ಟಂತೆ ಕಾಣುತ್ತಿತ್ತು. ಜೂನ್ ತಿಂಗಳ ಬಿಸಿಲಿಗೆ ಅದೊಂದೇ ಮದ್ದು. ಆದರೆ ಐದನೆಯ ಕಿಟಕಿಯನ್ನು, ನಾವು ಪಡಸಾಲೆ ಎಂದು ಕರೆಯುತ್ತಿದ್ದ ಹಾಲ್‌ನ ಉತ್ತರದ ಕಿಟಕಿಯನ್ನು, ಅಪ್ಪ ಮುಚ್ಚಲು ಬಿಡಲಿಲ್ಲ. ಅದರ ಬಗ್ಗೆ ವಾರಕ್ಕೊಂದು ಜಗಳ ತಪ್ಪುತ್ತಿರಲಿಲ್ಲ. ಅವ್ವ ಗದಗಿನಿಂದ ತಂದ ಜೋಳದ ಹಿಟ್ಟು ತಟ್ಟುತ್ತಾ ಅಡುಗೆಮನೆಯಿಂದಲೇ ಶುರು ಮಾಡುತ್ತಿದ್ದಳು.

"ಆ ಕಿಟಕಿಗೂ ಒಂದ್ ಹಾಳಿ ಹಚ್ಚರಿ ಅಂದ್ರ ಕೇಳಂಗಿಲ್ಲ. ಏಸಿ ಬಡಕೊಂಡ ಬಡಕೊಂಡ ಸಾಯಾಕತ್ತೈತಿ. ಮನಿಯಾಗ ಕುಂತೇವೋ ಹಂಚಿನ ಮ್ಯಾಲ ಕುಂತೇವೋ?"

"ಎಲ್ಲಾ ಮುಚ್ಚಿದ್ರ ಮಂದಿ ಮಾರಿ ಹೆಂಗ ಕಾಣಬೇಕು?"

"ಟ್ಯೂಬ್‌ಲೈಟ್ ಐತಲ್ಲ."

"ಟ್ಯೂಬ್‌ಲೈಟಿನಾಗ ಮಾರಿ ಕಾಣಂಗಿಲ್ಲ, ಬರೇ ಮೂಗ ಕಾಣ್ತೈತಿ. ಇನ್ನ ನಿನ್ನ ಮೂಗ..."

ಅಷ್ಟರಲ್ಲಿ ಲಟ್ಟಣಿಗೆ ಹೊರಗೆ ಬರುತ್ತಿತ್ತು. ಅದನ್ನು ಎತ್ತಿಕೊಂಡು ಬಂದವಳು ನಗುತ್ತಿದ್ದಳು, ಹಾಗಾಗಿ ಇದು ಜಗಳವೆಂದು ನಾನು ನಂಬಿರಲೇ ಇಲ್ಲ. ಮಕ್ಕಳಿಗೆ ಅಪ್ಪ ಅವ್ವನ ಮಾತಿನಲ್ಲಿ ಕೇಳಿಸುವುದು ದನಿ ಮಾತ್ರ. ಅಪ್ಪನಿಗೆ ಬೆಳಕು ಏಕೆ ಅಷ್ಟು ಬೇಕಾಗಿತ್ತು ಎಂದು ಒಂದು ದಿನವಾದರೂ ನಾನು ಯೋಚಿಸಬಹುದಿತ್ತು. ಯೋಚಿಸಲಿಲ್ಲ.

ಅಪ್ಪ ಕ್ಯಾಮೆರಾ ಮನುಷ್ಯ. ಕುವೈತಿಗೆ ಬರುವ ಮೊದಲು ಮದರಾಸಿನ ಸ್ಟುಡಿಯೋಗಳಲ್ಲಿ ಕಪ್ಪು ಬಿಳುಪು ಸಿನಿಮಾಗಳಿಗೆ ಕ್ಯಾಮೆರಾ ಸಹಾಯಕನಾಗಿ ದುಡಿದಿದ್ದರು. ಲೆನ್ಸಿನಿಂದ ನಟಿಯ ಕಣ್ಣಿನವರೆಗೆ ಟೇಪು ಹಿಡಿದು ಅಳೆಯುವುದು, ನಟರು ಎಲ್ಲಿ ಬಂದು ನಿಲ್ಲಬೇಕೋ ಅಲ್ಲಿ ನೆಲಕ್ಕೆ ಪಟ್ಟಿ ಅಂಟಿಸಿ ಮಾರ್ಕ್ ಮಾಡುವುದು, ಇದು ಅವರ ಕೆಲಸ. ಪರದೆಯ ಮೇಲೆ ಅವರ ಹೆಸರು ಒಮ್ಮೆಯೂ ಬರಲಿಲ್ಲ. "ಮತ್ತಿತರರು" ಎಂದು ಬಂದಾಗಲೆಲ್ಲ ಅದು ತಾನೇ ಎಂದು ಹೇಳಿಕೊಳ್ಳುತ್ತಿದ್ದರು. ಬಣ್ಣ ಬಂತು, ಹೊಸ ಹುಡುಗರು ಬಂದರು, ಅಪ್ಪನಿಗೆ ಕೆಲಸ ಕಡಿಮೆಯಾಯಿತು. ಯುದ್ಧ ಮುಗಿದು ಕುವೈತಿನಲ್ಲಿ ಅಂಗಡಿಗಳು ಮತ್ತೆ ತೆರೆದಾಗ ಹವಲ್ಲಿಯ ಒಂದು ಫೋಟೋ ಸ್ಟುಡಿಯೋಕ್ಕೆ ಬಂದು ಸೇರಿದರು. ಹಗಲು ಪಾಸ್‌ಪೋರ್ಟ್ ಫೋಟೋ, ರಜೆಯ ದಿನ ನಮ್ಮವರ ಮದುವೆ, ನಾಮಕರಣಗಳ ವೀಡಿಯೊ. ನಾವಿದ್ದದ್ದು ಎರಡು ಬೆಡ್‌ರೂಮಿನ ಫ್ಲ್ಯಾಟಿನಲ್ಲಿ. ಒಂದು ಕೋಣೆ ನಮ್ಮ ಮೂವರಿಗೆ, ಇನ್ನೊಂದು ಸಿಲ್ವಿಯಾ ಆಂಟಿಗೆ. ಆಂಟಿ ಉಡುಪಿಯ ಕಡೆಯವರು, ಸರ್ಕಾರಿ ಆಸ್ಪತ್ರೆಯಲ್ಲಿ ನರ್ಸ್. ಗಂಡ ಮಕ್ಕಳು ಊರಲ್ಲಿ. ಫೋನಿನಲ್ಲಿ ಅವರೊಡನೆ ಕೊಂಕಣಿ, ನಮ್ಮೊಡನೆ ಕನ್ನಡ, ನಿದ್ದೆಗೆಟ್ಟ ದಿನ ಯಾರೊಡನೆಯೂ ಮಾತಿಲ್ಲ. ಅಡುಗೆಮನೆ, ಫ್ರಿಜ್ಜು, ಪಡಸಾಲೆ ಎಲ್ಲರಿಗೂ ಸೇರಿದ್ದು.

ಪಡಸಾಲೆಯ ಗೋಡೆಯಲ್ಲಿ, ದೇವರ ಪಟಗಳ ಪಕ್ಕದಲ್ಲೇ, ಒಂದು ಹಾಳೆಗೆ ಅಪ್ಪ ಕಟ್ಟು ಹಾಕಿಸಿದ್ದರು. ಮದರಾಸಿನ ಸ್ಟುಡಿಯೋಕ್ಕೆ ಬಂದ ಲೆನ್ಸಿನ ಪೆಟ್ಟಿಗೆಯೊಳಗೆ ಒಡೆಯದಿರಲೆಂದು ತುರುಕಿದ್ದ ಯಾವುದೋ ಪತ್ರಿಕೆಯ ಹಾಳೆ ಅದು. ಹಿಮದಲ್ಲಿ ನಿಂತ ಒಬ್ಬ ತೆಳ್ಳನೆಯ ಮನುಷ್ಯ, ಉದ್ದ ಕೋಟು, ಹಿಂದುಮುಂದಾಗಿ ಹಾಕಿಕೊಂಡ ಟೊಪ್ಪಿ, ಪಕ್ಕದಲ್ಲಿ ಮೂರು ಕಾಲಿನ ಮೇಲೆ ಕೈಯಿಂದ ತಿರುವುವ ಮರದ ಕ್ಯಾಮೆರಾ. ಕೆಳಗೆ ಸಾಲುಸಾಲು ಬರಹ, ಅಕ್ಷರಗಳ ತಲೆಯ ಮೇಲೆ ಚುಕ್ಕಿ, ಸೊನ್ನೆ. ಭಾಷೆ ಸ್ವೀಡನ್ನಿನದು ಎಂದು ಸ್ಟುಡಿಯೋದ ಯಾರೋ ಹೇಳಿದ್ದರಂತೆ. ಓದಲು ಬರುವವರು ಯಾರೂ ಇರಲಿಲ್ಲ. ಆ ಮನುಷ್ಯನ ಹೆಸರನ್ನು ಅಪ್ಪ ಒಂದೊಂದು ದಿನ ಒಂದೊಂದು ರೀತಿ ಉಚ್ಚರಿಸುತ್ತಿದ್ದರು. ಅವ್ವನಿಗೆ ಅಣ್ಣತಮ್ಮಂದಿರಿಲ್ಲ. ಪಂಚಮಿ ಹಬ್ಬಕ್ಕೆ ಎಲ್ಲರ ಅಣ್ಣಂದಿರು ತಂಗಿಯರನ್ನು ಕರೆಯಲು ಬರುತ್ತಾರೆ, ನನಗೆ ಯಾರೂ ಇಲ್ಲ ಎಂದು ಒಮ್ಮೆ ಅವಳು ಕಣ್ಣೀರು ಹಾಕಿದಾಗ ಅಪ್ಪ ಆ ಪಟ ತೋರಿಸಿ, "ಇಲ್ಲೇ ನಿಂತಾನಲ್ಲ ನಿಮ್ಮಣ್ಣ, ಬರ್ಫಿನಾಗ ದಾರಿ ಸಿಗವಲ್ದು ಅದಕ್ಕ ತಡಾ ಆಗೇತಿ" ಎಂದರಂತೆ. ಅಂದಿನಿಂದ ಅವನು ನನಗೆ ಸ್ವೀಡನ್ ಮಾಮಾ. ಪ್ರತಿ ಪಂಚಮಿಗೆ ಅವ್ವ ಮೊದಲ ಶೇಂಗಾ ಉಂಡಿಯನ್ನು ಆ ಪಟದ ಮುಂದಿಟ್ಟು ಆಮೇಲೆ ನನ್ನ ಬಾಯಿಗೆ ಹಾಕುತ್ತಿದ್ದಳು.

ಶುಕ್ರವಾರ ರಜೆ. ಮಧ್ಯಾಹ್ನ ರೊಟ್ಟಿ, ಬದನೆಕಾಯಿ ಎಣ್ಣೆಗಾಯಿ. ಜೋಳದ ಹಿಟ್ಟು ಮುಗಿದಿದ್ದರೆ ಇರಾನಿ ಬೇಕರಿಯ ಖುಬ್ಸ್. ಕಿಟಕಿಯ ಬೆಳಕಿನಲ್ಲಿ ಕೂತು ಉಣ್ಣುವಾಗ ಅಪ್ಪ ಮಾಮಾನ ಕಥೆ ಹೇಳುತ್ತಿದ್ದರು. ಮಾಮಾ ಹುಟ್ಟಿದ ಊರಿನಲ್ಲಿ ವರ್ಷಕ್ಕೆ ಎರಡು ತಿಂಗಳು ಸೂರ್ಯನೇ ಮೂಡುವುದಿಲ್ಲ. ಅದಕ್ಕೇ ಅವನಿಗೆ ಕತ್ತಲೆಯಲ್ಲೂ ಹತ್ತು ಬಗೆ ಗೊತ್ತಿತ್ತು. ಫೋಟೋದ ಅಂಗಡಿಯಲ್ಲಿ ಗಾಜು ಒರೆಸುತ್ತಿದ್ದವನು ಮೂಕಿ ಚಿತ್ರಗಳಿಗೆ ಕ್ಯಾಮೆರಾ ತಿರುವಲು ಹೋದ. ಒಂದೇ ವೇಗದಲ್ಲಿ ಹಿಡಿಕೆ ತಿರುವಬೇಕಲ್ಲ, ಅದಕ್ಕೆ ಒಳಗೊಳಗೇ ಚರ್ಚಿನ ಹಾಡು ಹೇಳಿಕೊಳ್ಳುತ್ತಿದ್ದ. ಸಿನಿಮಾಕ್ಕೆ ಮಾತು ಬಂತು. ಕ್ಯಾಮೆರಾದ ಗರಗರ ಸದ್ದು ಕೇಳಬಾರದೆಂದು ಅವನನ್ನೂ ಕ್ಯಾಮೆರಾವನ್ನೂ ಒಂದು ಪೆಟ್ಟಿಗೆಯೊಳಗೆ ಹಾಕಿ ಬಾಗಿಲು ಮುಚ್ಚಿದರು. ಹೊರಗೆ ಹಿಮ, ಒಳಗೆ ಮಾಮಾನ ಬೆವರು. ಅವನ ಜೊತೆಯವರು ಹತ್ತು ದೀಪ ಹಾಕಿದರೆ ಮಾಮಾ ಒಂದು ಕಿಟಕಿ ತೆರೆಸುತ್ತಿದ್ದ, ಮುಖ ತಾನಾಗಿ ತಿರುಗುವವರೆಗೆ ಕಾಯುತ್ತಿದ್ದ. ಅಪ್ಪ ಇದನ್ನೆಲ್ಲ ಕಣ್ಣಾರೆ ಕಂಡವರಂತೆ ಹೇಳುತ್ತಿದ್ದರು. ಇಷ್ಟೆಲ್ಲ ಎಲ್ಲಿ ಓದಿದರು ಎಂದು ನಾನು ಕೇಳಲಿಲ್ಲ. ಅಪ್ಪ ಹೇಳಿದ ಮೇಲೆ ಮುಗಿಯಿತು.

ನನಗೆ ಹತ್ತು ವರ್ಷವಾದಾಗ ಮಾಮಾ ಮುದುಕನಾಗತೊಡಗಿದ. ಹೊಸ ಅಭ್ಯಾಸವೊಂದು ಅವನಿಗೆ ಅಂಟಿಕೊಂಡಿತು ಎಂದರು ಅಪ್ಪ: ಸೆಟ್ಟಿನಲ್ಲಿ ನಟರಿಗೆ ಹಾಕುವ ಮಾರ್ಕುಗಳನ್ನು ಅವನು ಮನೆಯಲ್ಲೂ ಹಾಕಿಕೊಳ್ಳುತ್ತಿದ್ದ. ಮರುದಿನವೇ ಅಪ್ಪ ಸ್ಟುಡಿಯೋದಿಂದ ದಪ್ಪನೆಯ ಕಪ್ಪು ಬಟ್ಟೆ ಟೇಪಿನ ಸುರುಳಿ ತಂದರು. ಬಾಗಿಲ ಬಳಿ ಒಂದು, ಸೋಫಾದ ತಿರುವಿನಲ್ಲಿ ಒಂದು, ಫ್ರಿಜ್ಜಿನ ಮುಂದೆ, ಬಚ್ಚಲಿಗೆ ಹೊರಳುವಲ್ಲಿ, ಹಾಸಿಗೆಯ ಕಾಲ ಬಳಿ, ಹೀಗೆ ಹತ್ತಿಪ್ಪತ್ತು ಕಡೆ ಬಿಳಿ ಟೈಲ್ಸಿನ ಮೇಲೆ ಮೂರು ಮೂರು ಪದರ ಅಂಟಿಸಿದರು. ಟೇಪು ಹಿಡಿದು ಅಳೆದು, ಮಗ್ಗಿಯಂತೆ ಗಟ್ಟಿಯಾಗಿ ಹೇಳಿಕೊಳ್ಳುತ್ತಿದ್ದರು: ಬಾಗಿಲಿನಿಂದ ಸೋಫಾಕ್ಕೆ ಒಂಬತ್ತು ಅಡಿ ನಾಲ್ಕು ಇಂಚು, ಸೋಫಾದಿಂದ ಫ್ರಿಜ್ಜಿಗೆ ಆರೂವರೆ. ನನಗೂ ಅವ್ವನಿಗೂ ಊಟಕ್ಕೆ ಕೂರುವ ಜಾಗಕ್ಕೆ ಒಂದೊಂದು ಮಾರ್ಕು ಸಿಕ್ಕಿತು. "ಎಲ್ಲಾರೂ ನಿಮ್ಮ ನಿಮ್ಮ ಮಾರ್ಕಿಗೆ ಬರ್ರಿ" ಎಂದು ಅಪ್ಪ ಕರೆದರೆ ಓಡಿ ಹೋಗಿ ಕೂರುತ್ತಿದ್ದೆ. ಕುರ್ಚಿ ಒಂದು ಗೇಣು ಸರಿದರೂ ಸಿಡುಕುತ್ತಿದ್ದರು. ಅವ್ವ ಹಣೆ ಚಚ್ಚಿಕೊಂಡಳು. "ಮದರಾಸು ಬಿಟ್ಟ ಬಂದ್ರೂ ಹುಚ್ಚ ಬಿಡಲಿಲ್ಲ." ಸಿಲ್ವಿಯಾ ಆಂಟಿ ನಕ್ಕರು. "ಇರ್ಲಿ ಅಕ್ಕ, ನಂಗೂ ನೈಟ್ ಡ್ಯೂಟಿ ಮುಗ್ಸಿ ಬಂದಾಗ ದಾರಿ ಕಾಣುದಿಲ್ಲ, ಒಳ್ಳೆದಾಯ್ತು."

ಆಮೇಲಿನ ಶುಕ್ರವಾರಗಳಲ್ಲಿ ಕಥೆಯ ಬಣ್ಣ ಬದಲಾಯಿತು. ಮಾಮಾನಿಗೆ ನಡುವೆ ಮಾತ್ರ ಕಾಣುತ್ತದೆ, ಸುತ್ತಲಿನದು ಮಸುಕು. ಕ್ಯಾಮೆರಾದ ಕಿಂಡಿಯಲ್ಲಿ ಕಣ್ಣಿಟ್ಟರೆ ಎಲ್ಲ ಸ್ಪಷ್ಟ, ಕಣ್ಣು ತೆಗೆದರೆ ಕಾಲ ಬಳಿಯ ಸ್ಟೂಲು ಕಾಣುವುದಿಲ್ಲ. ಯಾರಿಗೂ ಹೇಳುವ ಹಾಗಿಲ್ಲ. ಹೇಳಿದರೆ ಕ್ಯಾಮೆರಾ ಬೇರೆಯವರ ಕೈಗೆ ಹೋಗುತ್ತದೆ. ನನಗೆ ಭಯವಾಯಿತು.

"ಆಮ್ಯಾಲೆ? ಸ್ಟುಡಿಯೋದವ್ರಿಗೆ ಗೊತ್ತಾತೇನು?"

"ಇಲ್ಲ. ಕಡೀತನ ಯಾರಿಗೂ ಗೊತ್ತಾಗಲಿಲ್ಲ. ತನ್ನ ಕೆಲಸಾ ತಾ ಮುಗಿಸಿ, ಕ್ಯಾಮೆರಾ ಹೆಗಲ ಮ್ಯಾಲ ಹೊತ್ತಕೊಂಡು ಹೊರಗ ಬಂದಾ. ಎಲ್ಲಾರೂ ಎದ್ದ ನಿಂತಿದ್ರು."

ಹೇಳುವಾಗ ಅಪ್ಪ ರೊಟ್ಟಿ ಮುರಿಯುವುದನ್ನು ನಿಲ್ಲಿಸಿದ್ದರು. ಕಿಟಕಿಯ ಬೆಳಕು ಅವರ ಕೆನ್ನೆಯ ಮೇಲೆ ಬಿದ್ದಿತ್ತು. ಅದೊಂದು ಮುಖ ನನಗೆ ಇವತ್ತಿಗೂ ನೆನಪಿದೆ. ಅದರಲ್ಲಿ ಬರೆದಿದ್ದನ್ನು ಓದಲು ಬಂದಿರಲಿಲ್ಲ, ಅಷ್ಟೇ.

ಹನ್ನೆರಡು ತುಂಬಿದಾಗ ನನಗೆ ನಾಚಿಕೆ ಹುಟ್ಟಿತ್ತು. ಅವ್ವನ ಕನ್ನಡ, ಬುತ್ತಿ ಡಬ್ಬಿಯ ರೊಟ್ಟಿ, ಹಂಚಿಕೊಂಡ ಫ್ಲ್ಯಾಟು, ಎಲ್ಲದರ ಬಗ್ಗೆಯೂ. ಅವ್ವ ಕನ್ನಡದಲ್ಲಿ ಕೇಳಿದ್ದಕ್ಕೆ ಇಂಗ್ಲಿಷಿನಲ್ಲಿ ಉತ್ತರ ಕೊಡುತ್ತಿದ್ದೆ. ಹುಟ್ಟುಹಬ್ಬಕ್ಕೆ ಶಾಲೆಯ ಐದು ಗೆಳತಿಯರನ್ನು ಕರೆದೆ. ಅವರಲ್ಲಿ ರೀಮಾ ಎಂಬವಳು ಅಪ್ಪನ ಸ್ಟುಡಿಯೋದ ಮ್ಯಾನೇಜರನ ಮಗಳು. ಸಾಲ್ಮಿಯಾದಲ್ಲಿ ಅವರಿಗೆ ಯಾರೊಡನೆಯೂ ಹಂಚಿಕೊಳ್ಳದ ಫ್ಲ್ಯಾಟು, ಬಾಲ್ಕನಿಯಿಂದ ಸಮುದ್ರ ಕಾಣುತ್ತಿತ್ತು. ಅವಳು ನಮ್ಮ ಮನೆಗೆ ಬಂದು ನೆಲದ ತುಂಬ ಹರಿದ ಕಪ್ಪು ಪಟ್ಟಿಗಳನ್ನು ನೋಡುವುದು ನನಗೆ ಸಹಿಸದಾಯಿತು. ಅಪ್ಪ ಕೆಲಸಕ್ಕೆ ಹೋದ ಮೇಲೆ ಬೆಣ್ಣೆ ಸವರುವ ಚಾಕು ತೆಗೆದುಕೊಂಡು ಕೂತೆ. ಮೂರು ಪದರದ ಟೇಪು ಸುಲಭಕ್ಕೆ ಏಳಲಿಲ್ಲ. ಉಗುರು ಸೀಳಿತು. ಅಂಟು ಉಳಿದಲ್ಲಿ ಅವ್ವನ ಕೊಬ್ಬರಿ ಎಣ್ಣೆ ಹಚ್ಚಿ ತಿಕ್ಕಿದೆ. ಆಮೇಲೆ ಸೋಫಾವನ್ನು ಎಳೆದು ಅಡ್ಡಗೋಡೆಯ ಕಡೆ ಇಟ್ಟೆ, ಟೀಪಾಯಿ ನಡುಮಧ್ಯಕ್ಕೆ, ಅದರ ಮೇಲೆ ಪ್ಲಾಸ್ಟಿಕ್ ಹೂ. ಅವ್ವ ಕೈಯೊರೆಸುತ್ತಾ ಬಂದು ನೋಡಿದಳು.

"ಅಪ್ಪಾರ್ನ ಕೇಳಿದ್ದಿ ಏನು?"

"ಯೆಸ್ ಅವ್ವಾ, ಯೆಸ್. ಹಿ ಸೆಡ್ ಓಕೆ."

ಬಾಳಿನಲ್ಲಿ ನಾನು ಹೇಳಿದ ಸುಳ್ಳುಗಳನ್ನು ಒಂದು ಕಡೆ ಗುಡ್ಡೆ ಹಾಕಿದರೆ ಇದು ಚಿಕ್ಕದು. ಆದರೂ ಅದರ ಕೆಳಗಿನಿಂದ ನಾನಿನ್ನೂ ಎದ್ದಿಲ್ಲ.

ಸಂಜೆ ಐದಕ್ಕೆ ಗೆಳತಿಯರು ಬಂದರು. ಬಲೂನು ಕಟ್ಟಿದ್ದೆವು. ಕಿಟಕಿಯ ಬೆಳಕು ಇನ್ನೂ ಇತ್ತು. ಅಪ್ಪ ನನ್ನ ಹುಟ್ಟುಹಬ್ಬವನ್ನು ತೆಗೆಯಲೆಂದು ಸ್ಟುಡಿಯೋದ ವೀಡಿಯೊ ಕ್ಯಾಮೆರಾ ಕೇಳಿ ತಂದಿದ್ದರು. ರೀಮಾಳನ್ನು ಬಿಡಲು ಮ್ಯಾನೇಜರ್ ಕೂಡ ಅದೇ ಲಿಫ್ಟಿನಲ್ಲಿ ಬಂದರು. ಅಪ್ಪ ಎಂದಿನಂತೆ ಚಪ್ಪಲಿ ಕಳಚಿ ಬರಿಗಾಲಿನಲ್ಲಿ ಒಳಗೆ ಹೆಜ್ಜೆಯಿಟ್ಟರು. ಬಲಗಾಲು ಬಾಗಿಲ ಬಳಿಯ ಜಾಗವನ್ನು ಸವರಿತು. ಮತ್ತೆ ಸವರಿತು, ಸ್ವಲ್ಪ ಎಡಕ್ಕೆ, ಸ್ವಲ್ಪ ಬಲಕ್ಕೆ. ಅಲ್ಲಿಯೇ ನಿಂತುಬಿಟ್ಟರು. ಎದೆಗೆ ಅವಚಿಕೊಂಡ ಕ್ಯಾಮೆರಾ, ಮುಂದಕ್ಕೆ ಚಾಚಿದ ಒಂದು ಕೈ. ಆ ಕೈ ಗಾಳಿಯಲ್ಲಿ ಏನನ್ನೋ ಹುಡುಕಿತು, ಒಂದು ಬಲೂನು ತಾಗಿತು, ಬೆಚ್ಚಿ ಹಿಂದೆ ಬಂತು. ಯಾರೋ ಕಿಸಕ್ಕನೆ ನಕ್ಕರು. ನಾನೂ ನಕ್ಕೆ, ಅಪ್ಪ ತಮಾಷೆ ಮಾಡುತ್ತಿದ್ದಾರೆ ಎಂದು.

"ನೀಲಾ," ಎಂದು ನನ್ನನ್ನು ಮೆಲ್ಲಗೆ ಕರೆದರು. "ನನ್ನ ಮಾರ್ಕ್ ಎಲ್ಲಿ ಅದಾವ?"

ಸಿಲ್ವಿಯಾ ಆಂಟಿ ಡ್ಯೂಟಿಗೆ ಹೊರಡಲು ಬಿಳಿ ಬಟ್ಟೆ ತೊಟ್ಟು ಕೋಣೆಯಿಂದ ಬಂದವರು ಅಪ್ಪನನ್ನು ನೋಡಿ ನಿಂತರು. ಹತ್ತಿರ ಹೋಗಿ ಅವರ ಕಿವಿಯ ಪಕ್ಕದಲ್ಲಿ ಕೈಬೆರಳು ಆಡಿಸಿದರು. ಅಪ್ಪನ ಕಣ್ಣು ಅಲುಗಲಿಲ್ಲ. ಇನ್ನೊಂದು ಪಕ್ಕ ಆಡಿಸಿದರು. ಆಮೇಲೆ ಕ್ಯಾಮೆರಾ ತೆಗೆದುಕೊಂಡು ಅವ್ವನ ಕೈಗೆ ಕೊಟ್ಟು, ಅಪ್ಪನ ಮೊಣಕೈ ಹಿಡಿದರು.

"ಎಷ್ಟು ಸಮಯ ಆಯ್ತು ಅಣ್ಣ ಇದು?"

"ಎರಡ ವರ್ಷ."

"ಒಂದೇ ಮನೆಯಲ್ಲಿ ಇದ್ದು ನನ್ನತ್ರ ಒಂದು ಮಾತು ಹೇಳ್ಲಿಕ್ಕೆ ಆಗ್ಲಿಲ್ವಾ ನಿಮ್ಗೆ? ಎಂತ ಮಾರಾಯ್ರೆ ನೀವು! ಎರಡು ಹನಿ ಮದ್ದು ಬಿಟ್ಟಿದ್ರೆ ಅಲ್ಲಿಗೇ ನಿಲ್ತಿತ್ತೋ ಏನೋ."

ಹೇಳುತ್ತಲೇ ಅವರು ಅತ್ತುಬಿಟ್ಟರು. ದೀಪದ ಬುಡದಲ್ಲಿ ಕತ್ತಲೆ ಎನ್ನುತ್ತಾರಲ್ಲ, ನರ್ಸ್ ಇದ್ದ ಮನೆಯಲ್ಲೇ ಅದು ಬೆಳೆದಿತ್ತು. ಬಾಗಿಲಲ್ಲಿ ನಿಂತಿದ್ದ ಮ್ಯಾನೇಜರ್ ಎಲ್ಲ ನೋಡಿದರು. ಕೆಟ್ಟ ಮನುಷ್ಯನಲ್ಲ. ಅಪ್ಪನ ಬೆನ್ನ ಮೇಲೆ ಕೈಯಿಟ್ಟು, "ಅಬ್ ಖಲಾಸ್ ಭಾಯಿ, ಆಪ್ ಆರಾಮ್ ಕರೋ" ಎಂದು ಅವ್ವನ ಕೈಯಿಂದ ಕ್ಯಾಮೆರಾವನ್ನು ತೆಗೆದುಕೊಂಡರು. ಕೇಕು ಕತ್ತರಿಸಿದೆವೋ ಇಲ್ಲವೋ ನೆನಪಿಲ್ಲ. ರೀಮಾ ತಂದೆಯೊಡನೆ ಹಾಗೇ ಹಿಂದಿರುಗಿದಳು.

ಎಲ್ಲರೂ ಹೋದ ಮೇಲೆ ನಾನು ಕಸದ ಚೀಲದಿಂದ ಟೇಪಿನ ಚೂರುಗಳನ್ನು ಹೆಕ್ಕಿ ತಂದೆ. ಎಣ್ಣೆ ತಾಗಿ ಅವು ಅಂಟುತ್ತಿರಲಿಲ್ಲ. ಯಾವುದು ಎಲ್ಲಿತ್ತು ಎಂಬುದೂ ಮರೆತಿತ್ತು. ಒಂಬತ್ತು ಅಡಿ ನಾಲ್ಕು ಇಂಚು ಎಂದು ಅಳುತ್ತಾ ಅಳತೆಯ ಟೇಪು ಹಿಡಿದು ನೆಲದ ಮೇಲೆ ತೆವಳುತ್ತಿದ್ದೆ. ಅಪ್ಪ ಸೋಫಾದ ಮೇಲೆ ಕೂತಿದ್ದವರು ಸದ್ದಿನಿಂದಲೇ ತಿಳಿದುಕೊಂಡರು.

"ಬ್ಯಾಡ ಬಿಡವ್ವಾ," ಎಂದರು. "ಈಗ ಎಲ್ಲಾರಿಗೂ ಗೊತ್ತಾತಲ್ಲ. ಇನ್ನ ಮಾರ್ಕ್ ಯಾತಕ್ಕ?"

ಯಾರು ಕಿತ್ತರು ಎಂದು ಕೇಳಲಿಲ್ಲ. ಅವತ್ತಲ್ಲ, ಮುಂದೆಂದೂ ಅಲ್ಲ. ಕೇಳಿ ಎರಡೇಟು ಬಿಟ್ಟಿದ್ದರೆ ನನಗೆ ಎಷ್ಟೋ ಹಗುರಾಗುತ್ತಿತ್ತು. ಸಿಲ್ವಿಯಾ ಆಂಟಿ ತಮ್ಮ ಆಸ್ಪತ್ರೆಗೆ ಕರೆದುಕೊಂಡು ಹೋದರು. ಕಣ್ಣಿನೊಳಗೆ ಒತ್ತಡ ಹೆಚ್ಚಿ ನೋಟ ಸುತ್ತಲಿನಿಂದ ಸವೆದುಕೊಂಡು ಬರುವ ರೋಗ. ಹೋದದ್ದು ಮರಳುವುದಿಲ್ಲ ಎಂದರು ಡಾಕ್ಟರು. ಸ್ಟುಡಿಯೋದವರು ಇಕಾಮಾ, ಅಂದರೆ ಅಲ್ಲಿ ಉಳಿಯುವ ಪರವಾನಗಿ, ನವೀಕರಿಸಲಿಲ್ಲ. ಹೊರಡುವ ದಿನ ಅವ್ವ ಉಳಿದ ಜೋಳದ ಹಿಟ್ಟನ್ನು ಆಂಟಿಗೆ ಕೊಟ್ಟಳು, ಅವರಿಗೆ ರೊಟ್ಟಿ ತಟ್ಟಲು ಬರುವುದಿಲ್ಲವೆಂದು ಗೊತ್ತಿದ್ದೂ. ದೇವರ ಪಟಗಳನ್ನು ಅವಳು ಕಟ್ಟಿಕೊಂಡಳು. ಮಾಮಾನ ಪಟವನ್ನು ಯಾರೂ ಮುಟ್ಟದಿದ್ದುದನ್ನು ನೋಡಿ ನಾನೇ ನನ್ನ ಶಾಲೆಯ ಚೀಲದಲ್ಲಿ ಇಟ್ಟುಕೊಂಡೆ. ಆ ಹುಟ್ಟುಹಬ್ಬದ ನಂತರ ಅಪ್ಪ ಅವನ ಕಥೆ ಹೇಳಿರಲಿಲ್ಲ.

ಗದಗಿನಲ್ಲಿ ಅಪ್ಪನ ಕಣ್ಣಿನ ಕಿಂಡಿ ನಾಲ್ಕೈದು ವರ್ಷದಲ್ಲಿ ಪೂರ್ತಿ ಮುಚ್ಚಿತು. ನಾನು ಲ್ಯಾಬ್ ಟೆಕ್ನಿಶಿಯನ್ ಆದೆ, ಮತ್ತೆ ಕುವೈತಿಗೇ ಬಂದೆ. ಅನ್ನ ಕೊಟ್ಟ ಊರು, ನಾಚಿಕೆ ಕಲಿಸಿದ ಊರು. ಬೇರೆಲ್ಲಿಗೂ ಹೋಗಲು ಮನಸ್ಸಾಗಲಿಲ್ಲ. ಮಹಬೂಲಾದಲ್ಲಿ ಒಂಬತ್ತನೆಯ ಮಹಡಿಯ ಒಂದು ಕೋಣೆ, ಒಂದು ಹಾಲ್. ಎರಡು ವರ್ಷ ದುಡಿದ ಮೇಲೆ ಅಪ್ಪ ಅವ್ವನನ್ನು ವಿಸಿಟ್ ವೀಸಾದಲ್ಲಿ ಕರೆಸಿಕೊಂಡೆ. ಬರುವ ಮೊದಲೇ ಉತ್ತರದ ಕಿಟಕಿಯ ಫಾಯಿಲ್ ಕಿತ್ತು ಹಾಕಿದ್ದೆ. ಅಪ್ಪ ಒಳಗೆ ಬಂದವರೇ ಮುಖವನ್ನು ಆ ಕಡೆ ತಿರುಗಿಸಿ, ಕೆನ್ನೆಯ ಮೇಲೆ ಬಿಸಿಯನ್ನು ಗುರುತು ಹಿಡಿದು, "ಒಂದ್ ಕಿಟಕಿ ಬಿಟ್ಟೀಯಲ್ಲ" ಎಂದರು. ಅವ್ವ ಬೆವರೊರೆಸಿಕೊಳ್ಳುತ್ತಾ, "ಅಪ್ಪಗ ತಕ್ಕ ಮಗಳು, ಮುಚ್ಚು ಅಂದದ್ದು ಮುಚ್ಚಂಗಿಲ್ಲ" ಎಂದು ಗೊಣಗಿದಳು.

ಅವರು ಬರುವ ಹಿಂದಿನ ವಾರ ಆ ಹಾಳೆಯನ್ನು ಕಟ್ಟಿನಿಂದ ತೆಗೆದಿದ್ದೆ. ಈಗಿನ ಫೋನುಗಳ ಕ್ಯಾಮೆರಾ ಹಿಡಿದರೆ ಯಾವ ಭಾಷೆಯ ಅಕ್ಷರವೂ ಇಂಗ್ಲಿಷಿಗೆ ತಿರುಗುತ್ತದೆ ಎಂದು ಲ್ಯಾಬಿನ ಗೆಳತಿ ತೋರಿಸಿಕೊಟ್ಟಿದ್ದಳು. ಹಿಡಿದೆ. ಚುಕ್ಕಿ, ಸೊನ್ನೆಗಳು ನಡುಗಿ, ಕರಗಿ, ಮಾತಾದವು. ಅವನು ಮೂಕಿ ಚಿತ್ರಗಳ ಕಾಲದಿಂದ ಮಾತಿನ ಚಿತ್ರಗಳವರೆಗೆ ಕ್ಯಾಮೆರಾ ಹಿಡಿದಿದ್ದ, ಅದು ನಿಜ. ಉಳಿದದ್ದು ಯಾವುದೂ ಇರಲಿಲ್ಲ. ಹುಟ್ಟಿದ್ದು ದೊಡ್ಡ ನಗರದಲ್ಲಿ. ಪೆಟ್ಟಿಗೆಯ ಸುದ್ದಿಯಿಲ್ಲ, ಕಿಟಕಿಯ ಸುದ್ದಿಯಿಲ್ಲ. ಹಾಳೆ ಅಚ್ಚಾದ ಹೊತ್ತಿಗೆ ಕೆರೆಯ ದಂಡೆಯಲ್ಲಿ ಮನೆ ಮಾಡಿ ಆಲೂಗಡ್ಡೆ ಬೆಳೆಯುತ್ತಿದ್ದ, ಕನ್ನಡಕವಿಲ್ಲದೆ ಪತ್ರಿಕೆ ಓದುತ್ತಿದ್ದ. ಕೊನೆಯಲ್ಲಿ ಅವನದೇ ಮಾತು: ಅಳತೆಯ ಟೇಪು ನನಗೆ ಯಾವತ್ತೂ ಬೇಕಾಗಲಿಲ್ಲ, ಕಣ್ಣಳತೆಯೇ ಸಾಕಾಗಿತ್ತು.

ನೆಲದ ಮೇಲೆ ಕೂತು ಬಹಳ ಹೊತ್ತು ಅತ್ತೆ. ಸ್ವೀಡನ್ನಿನ ಮುದುಕನ ಕಣ್ಣು ಹೋಗಿರಲೇ ಇಲ್ಲ. ಅಪ್ಪ ಎರಡು ವರ್ಷ, ಪ್ರತಿ ಶುಕ್ರವಾರ, ನಮ್ಮೆದುರು ಕೂತು ತಮ್ಮ ಕಥೆಯನ್ನೇ ಹೇಳಿಕೊಂಡಿದ್ದರು. ಯಾರಾದರೂ ಕೇಳಿಸಿಕೊಳ್ಳಲಿ ಎಂದಿತ್ತೋ, ಕೇಳಿಸಿಕೊಳ್ಳದಿರಲಿ ಎಂದಿತ್ತೋ. ನಾನು ರೊಟ್ಟಿ ತಿನ್ನುತ್ತಾ ಆಮ್ಯಾಲೆ, ಆಮ್ಯಾಲೆ ಎನ್ನುತ್ತಿದ್ದೆ.

ಅವರು ಬಂದ ಮೊದಲ ಶುಕ್ರವಾರ, ಊಟದ ನಡುವೆ, ನಾನು ಅವಳಿಗಷ್ಟೇ ತಿಳಿಸಿದ್ದನ್ನು ಅವ್ವನೇ ಬಾಯಿ ತಪ್ಪಿ ಹೇಳಿಬಿಟ್ಟಳು. "ನಿಮ್ಮ ಸ್ವೀಡನ್ನಿನವನ ಹಾಳಿ ಇನ್ನೂ ಇಟ್ಟಾಳ ಇಕಿ. ಅದೇನೋ ಫೋನಿನಾಗ ಓದಾಕ ಬರ್ತದಂತ." ಅಪ್ಪನ ಕೈಯ ತುತ್ತು ತಟ್ಟೆಗೆ ಇಳಿಯಿತು.

"ಓದಿದೇನು?"

"ಹ್ಞೂಂ."

"ಏನ್ ಬರದಾರ?"

ದನಿ ಸಣ್ಣದಾಗಿತ್ತು. ಸಿಕ್ಕಿಬೀಳುವ ಹೆದರಿಕೆ ಎಪ್ಪತ್ತರ ಮುಖದ ಮೇಲೆ ಹೇಗಿರುತ್ತದೆ ಎಂದು ಅವತ್ತು ಕಂಡೆ. ಎದ್ದು ಹೋಗಿ ಹಾಳೆ ತಂದೆ. ಕಾಗದದ ಸದ್ದು ಕೇಳಲಿ ಎಂದು ಬಿಡಿಸಿದೆ. ಫೋನು ಕೈಯಲ್ಲಿ ಹಿಡಿಯಲಿಲ್ಲ.

"ನೀವು ಹೇಳಿದ್ದ ಬರದಾರ ಅಪ್ಪಾ. ಸೂರ್ಯ ಮೂಡದ ಊರಾಗ ಹುಟ್ಟಿದ್ನಂತ. ಕ್ಯಾಮೆರಾ ತಿರುವುವಾಗ ಒಳಗ ಹಾಡು ಹೇಳ್ಕೋತಿದ್ನಂತ. ಕಡೀಕ ಕಣ್ಣು ಹೋದ್ವಂತ, ಮನಿ ತುಂಬಾ ಮಾರ್ಕ್ ಹಾಕ್ಕೊಂಡಿದ್ನಂತ."

"ಮತ್ತ?"

"ಯಾರಿಗೂ ಗೊತ್ತಾಗಲಿಲ್ಲಂತ. ಅವನು ಹೊರಗ ಬಂದಾಗ ಎಲ್ಲಾರೂ ಎದ್ದ ನಿಂತಿದ್ರಂತ." ಇಪ್ಪತ್ತು ವರ್ಷದಿಂದ ಹೇಳಲಾಗದ್ದನ್ನು ಆ ಹಾಳೆಯ ಮೇಲೆ ಹಾಕಿ ಹೇಳಿದೆ. "ಅವನ ಮನಿಯಾಗ ಮಾರ್ಕ್‌ನ ಯಾರೂ ಕೀಳಲಿಲ್ಲಂತ, ಅಪ್ಪಾ."

ಅವ್ವ ತಲೆ ತಗ್ಗಿಸಿದಳು. ಅಪ್ಪ ಕಿಟಕಿಯ ಕಡೆ ಮುಖ ಮಾಡಿದರು. ಆಮೇಲೆ ಕೈ ನೀಡಿ, ತಟ್ಟೆಯ ಅಂಚಿನಿಂದ ತಡವಿ, ನನ್ನ ಕೈಯನ್ನು ಹುಡುಕಿ ಹಿಡಿದುಕೊಂಡರು.

"ಹಂಗಾರ ಅವಂಗ ಮಗಳು ಇದ್ದಿರಾಕಿಲ್ಲ ಬಿಡು," ಎಂದರು. "ಪಾಪ."